ಕೇಳಿ ಕೇಳಿ ಬರೆದುಕೊಂಡ ಹಡಗಿನ ವೈದ್ಯ

ಫ್ರಾನ್ಸಿಸ್ ಬುಕಾನನ್ (1762–1829)

ಮಕ್ಕಳೇ, ಸುದ್ದಗುಂಟೆಪಾಳ್ಯದಿಂದ ಲಾಲ್‌ಬಾಗ್ ಬಹಳ ದೂರವೇನಲ್ಲ. ಫಲಪುಷ್ಪ ಪ್ರದರ್ಶನ ನೋಡಲು ನಿಮ್ಮಲ್ಲಿ ಹಲವರು ಅಲ್ಲಿಗೆ ಹೋಗಿರುತ್ತೀರಿ. ಇನ್ನೂರಕ್ಕೂ ಹೆಚ್ಚು ವರ್ಷಗಳ ಹಿಂದೆ, 1800ರ ಮೇ ತಿಂಗಳಲ್ಲಿ, ಹೈದರ್ ಅಲಿ ಮತ್ತು ಟಿಪ್ಪು ಸುಲ್ತಾನ್ ಬೆಂಗಳೂರಿನಲ್ಲಿ ಮಾಡಿಸಿದ್ದ ತೋಟಗಳನ್ನು ನೋಡಲು ಒಬ್ಬ ವೈದ್ಯರು ಬಂದರು. ಲಾಲ್‌ಬಾಗ್‌ನ ಕಥೆ ಶುರುವಾಗುವುದೂ ಆ ತೋಟಗಳಿಂದಲೇ. ವಿಶಾಲವಾದ ಚೌಕ ಚೌಕ ತಾಕುಗಳು, ನಡುವೆ ಕಾಲುದಾರಿ, ದಾರಿಯ ಅಂಚಿಗೆ ಸೈಪ್ರಸ್ ಮರಗಳ ಸಾಲು. ಒಂದು ತಾಕಿನ ತುಂಬ ಗುಲಾಬಿ, ಇನ್ನೊಂದರ ತುಂಬ ದಾಳಿಂಬೆ. ಆಫ್ರಿಕಾದ ದಕ್ಷಿಣ ತುದಿಯಲ್ಲಿರುವ ಗುಡ್‌ಹೋಪ್ ಭೂಶಿರದಿಂದ ಆಗಷ್ಟೇ ತರಿಸಿದ್ದ ಪೈನ್ ಮತ್ತು ಓಕ್ ಸಸಿಗಳೂ ಅಲ್ಲಿ ಚೆನ್ನಾಗಿಯೇ ಬೆಳೆಯುತ್ತಿದ್ದವು. ವೈದ್ಯರು ಎಲ್ಲವನ್ನೂ ನೋಡಿ ತಮ್ಮ ದಿನಚರಿಯಲ್ಲಿ ಬರೆದುಕೊಂಡರು.

ಅವರ ಹೆಸರು ಫ್ರಾನ್ಸಿಸ್ ಬುಕಾನನ್. ನಿಮ್ಮ ಮನೆಯಲ್ಲಿ ಪಲಾವ್ ಮಾಡುವಾಗ ಹಾಕುವ ಎಲೆಯ ಶಾಸ್ತ್ರೀಯ ಹೆಸರಿನ ಜೊತೆಗೆ ಅವರ ಹೆಸರಿದೆ. ನಮ್ಮ ಕೆರೆಗಳಲ್ಲಿ ಸಾಕುವ ಕಾಟ್ಲಾ, ರೋಹು ಮೀನುಗಳನ್ನು ವಿಜ್ಞಾನದ ಪುಸ್ತಕಕ್ಕೆ ಸೇರಿಸಿದವರು ಅವರು. ಮಂಗಳೂರು, ಕಾಸರಗೋಡಿನ ಕಡೆ ಮನೆ ಕಟ್ಟುವ ಕೆಂಪು ಕಲ್ಲನ್ನು ಪ್ರಪಂಚದ ಭೂವಿಜ್ಞಾನಿಗಳೆಲ್ಲ ಕರೆಯುವುದು ಅವರು ಇಟ್ಟ ಹೆಸರಿನಿಂದಲೇ. ಇಷ್ಟೆಲ್ಲ ಕೆಲಸಕ್ಕೆ ಅವರು ಬಳಸಿದ ಉಪಾಯ ತುಂಬ ಸರಳವಾದದ್ದು. ಆಯಾ ಕೆಲಸ ಮಾಡುವವರ ಬಳಿಗೇ ಹೋಗುವುದು, ಕೇಳುವುದು, ಬರೆದುಕೊಳ್ಳುವುದು.

ಅಲೆಗಳ ಮೇಲೆ ವೈದ್ಯ

ಬುಕಾನನ್ ಹುಟ್ಟಿದ್ದು 1762ರ ಫೆಬ್ರವರಿ 15ರಂದು, ಸ್ಕಾಟ್ಲೆಂಡಿನಲ್ಲಿ. ಎಡಿನ್‌ಬರೋ ವಿಶ್ವವಿದ್ಯಾಲಯದಲ್ಲಿ ಓದಿ 1783ರಲ್ಲಿ, ತಮ್ಮ 21ನೇ ವಯಸ್ಸಿನಲ್ಲಿ, ವೈದ್ಯ ಪದವಿ ಪಡೆದರು. ಔಷಧಿಗಳೆಲ್ಲ ಹೆಚ್ಚಾಗಿ ಗಿಡಮೂಲಿಕೆಗಳೇ ಆಗಿದ್ದ ಕಾಲ ಅದು. ಹಾಗಾಗಿ ವೈದ್ಯರಾಗುವವರು ಸಸ್ಯಶಾಸ್ತ್ರವನ್ನೂ ಕಲಿಯಬೇಕಿತ್ತು. ಅವರಿಗೆ ಅದನ್ನು ಕಲಿಸಿದವರು ಜಾನ್ ಹೋಪ್ ಎಂಬ ಪ್ರಸಿದ್ಧ ಅಧ್ಯಾಪಕರು. ಪ್ರತಿಯೊಂದು ಜೀವಿಗೂ ಎರಡು ಪದಗಳ ಹೆಸರು ಕೊಡುವ ಲಿನೇಯಸ್ ಪದ್ಧತಿಯನ್ನು ನೀವು ಮುಂದೆ ಹೈಸ್ಕೂಲಿನಲ್ಲಿ ಓದುತ್ತೀರಿ. ಆಗ ಹೊಸದಾಗಿದ್ದ ಆ ಪದ್ಧತಿಯನ್ನು ಹೋಪ್ ತಮ್ಮ ವಿದ್ಯಾರ್ಥಿಗಳಿಗೆ ಕಲಿಸುತ್ತಿದ್ದರು. ಬುಕಾನನ್‌ಗೆ ಗಿಡಗಳ ಹುಚ್ಚು ಹಿಡಿದದ್ದು ಅಲ್ಲೇ.

ಓದು ಮುಗಿದ ಮೇಲೆ ಅವರು ಹಡಗಿನ ವೈದ್ಯರಾದರು. ಇಂಗ್ಲೆಂಡಿನಿಂದ ಏಷ್ಯಾಕ್ಕೆ ಓಡಾಡುವ ವ್ಯಾಪಾರದ ಹಡಗುಗಳಲ್ಲಿ ಹಲವು ವರ್ಷ ಕೆಲಸ ಮಾಡಿದರು. ಸೂಯೆಜ್ ಕಾಲುವೆ ತೆರೆದದ್ದು 1869ರಲ್ಲಿ. ಅದಕ್ಕೂ ಮೊದಲು ಇಂಡಿಯಾಕ್ಕೆ ಬರುವ ಹಡಗು ಇಡೀ ಆಫ್ರಿಕಾವನ್ನು ಸುತ್ತಿ ಬರಬೇಕಿತ್ತು. ಗಾಳಿಯನ್ನೇ ನಂಬಿದ ಹಾಯಿ ಹಡಗು, ತಿಂಗಳುಗಟ್ಟಲೆ ಪ್ರಯಾಣ. ತಾಜಾ ಹಣ್ಣು ತರಕಾರಿ ಸಿಗದೆ ನಾವಿಕರ ಒಸಡು ಊದಿ ರಕ್ತ ಸೋರುತ್ತಿತ್ತು. ಎಷ್ಟೋ ಜನ ಸತ್ತೇಹೋಗುತ್ತಿದ್ದರು. ಇದೇ ಸ್ಕರ್ವಿ ರೋಗ. ಜೇಮ್ಸ್ ಲಿಂಡ್ ಎಂಬ ಇನ್ನೊಬ್ಬ ಹಡಗಿನ ವೈದ್ಯರು 1747ರಲ್ಲೇ ರೋಗಿಗಳಿಗೆ ಕಿತ್ತಳೆ, ನಿಂಬೆ ಕೊಟ್ಟು ಅದು ವಾಸಿಯಾಗುವುದನ್ನು ತೋರಿಸಿದ್ದರು. ಆದರೂ ಬ್ರಿಟಿಷ್ ನೌಕಾಪಡೆ ತನ್ನ ನಾವಿಕರಿಗೆಲ್ಲ ನಿಂಬೆರಸ ಕೊಡಲು ಆರಂಭಿಸಿದ್ದು 1795ರಲ್ಲಿ! ಕಾರಣ ವಿಟಮಿನ್ ಸಿ ಕೊರತೆ ಎಂದು ಗೊತ್ತಾದದ್ದಂತೂ 20ನೇ ಶತಮಾನದಲ್ಲಿ. ಮದ್ದು ಮೊದಲು ಸಿಕ್ಕಿತು, ಕಾರಣ ತಿಳಿದದ್ದು ಆಮೇಲೆ. ಇಂಥದೇ ಒಂದು ಸಂಗತಿ ನಮ್ಮ ರಾಗಿ ಹೊಲದಲ್ಲೂ ಇದೆ. ಸ್ವಲ್ಪ ತಾಳಿ, ಅಲ್ಲಿಗೇ ಬರುತ್ತೇನೆ.

1794ರಲ್ಲಿ ಬುಕಾನನ್ ಸಮುದ್ರ ಬಿಟ್ಟು ನೆಲಕ್ಕೆ ಬಂದರು. ಈಸ್ಟ್ ಇಂಡಿಯಾ ಕಂಪನಿಯ ಬಂಗಾಳ ವೈದ್ಯ ಸೇವೆಗೆ ಸೇರಿದರು. ಮರುವರ್ಷವೇ ಕಂಪನಿ ಅವರನ್ನು ಬರ್ಮಾ ದೇಶಕ್ಕೆ ಹೋಗುವ ರಾಯಭಾರಿ ತಂಡದ ಜೊತೆ ಕಳಿಸಿತು. ಆಮೇಲೆ ಚಿತ್ತಗಾಂಗ್ ಬೆಟ್ಟಗಳನ್ನು ಸುತ್ತಿದರು. ಹೋದಲ್ಲೆಲ್ಲ ಗಿಡಗಳನ್ನು ಸಂಗ್ರಹಿಸಿದರು, ಒಣಗಿಸಿದರು, ಚಿತ್ರ ಬರೆಸಿದರು.

ಮೈಸೂರು ಸೀಮೆಯಲ್ಲಿ

1799ರ ಮೇ 4ರಂದು ಶ್ರೀರಂಗಪಟ್ಟಣದ ಯುದ್ಧದಲ್ಲಿ ಟಿಪ್ಪು ಸುಲ್ತಾನ್ ಮಡಿದರು. ಕಂಪನಿಯವರು ರಾಜ್ಯದ ಕೆಲವು ಭಾಗಗಳನ್ನು ತಾವು ಇಟ್ಟುಕೊಂಡು, ಉಳಿದದ್ದಕ್ಕೆ ಐದು ವರ್ಷದ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರನ್ನು ಅರಸರನ್ನಾಗಿ ಮಾಡಿದರು. ಪೂರ್ಣಯ್ಯನವರು ದಿವಾನರಾದರು. ತಾವು ಗೆದ್ದ ನೆಲದಲ್ಲಿ ಏನೇನಿದೆ ಎಂದು ಗವರ್ನರ್ ಜನರಲ್ ವೆಲ್ಲೆಸ್ಲಿಗೆ ತಿಳಿಯಬೇಕಿತ್ತು. ಯಾವ ಬೆಳೆ ಬರುತ್ತದೆ? ಎಷ್ಟು ಬರುತ್ತದೆ? ಮೆಣಸು, ಶ್ರೀಗಂಧ, ಏಲಕ್ಕಿ, ಹತ್ತಿ ಎಲ್ಲೆಲ್ಲಿವೆ? ಗಣಿಗಳು ಯಾವುವು? ಜನ ಹೇಗೆ ಬದುಕುತ್ತಾರೆ? ಇಂಥ ಪ್ರಶ್ನೆಗಳ ದೊಡ್ಡ ಪಟ್ಟಿಯನ್ನೇ ಬುಕಾನನ್ ಕೈಗೆ ಕೊಟ್ಟರು.

ಇದನ್ನು ನಾವು ಮರೆಯಬಾರದು. ಈ ಪ್ರವಾಸ ಬರೀ ಜ್ಞಾನಕ್ಕಾಗಿ ನಡೆದದ್ದಲ್ಲ, ಗೆದ್ದವರು ಗೆದ್ದ ಸಂಪತ್ತನ್ನು ಎಣಿಸುವ ಕೆಲಸವೂ ಆಗಿತ್ತು. ಬುಕಾನನ್ ಕಂಪನಿಯ ನೌಕರರು. ಟಿಪ್ಪುವಿನ ಬಗ್ಗೆ ಅವರು ಬರೆದದ್ದರಲ್ಲಿ ಶತ್ರುಪಕ್ಷದವರ ಕಣ್ಣು ಕಾಣುತ್ತದೆ. ಅದನ್ನು ಎಚ್ಚರಿಕೆಯಿಂದಲೇ ಓದಬೇಕು. ಆದರೆ ಅವರು ರಾಗಿ, ಕಬ್ಬಿಣ, ನೇಗಿಲು, ಮಗ್ಗಗಳ ಬಗ್ಗೆ ಬರೆದದ್ದನ್ನು ನಮ್ಮ ಇತಿಹಾಸಕಾರರು ಇಂದಿಗೂ ಹುಡುಕಿ ಓದುತ್ತಾರೆ. ಆ ಕಾಲದ ನಮ್ಮ ರೈತರ, ಕಮ್ಮಾರರ ಕೆಲಸವನ್ನು ಅಷ್ಟು ವಿವರವಾಗಿ ಬರೆದಿಟ್ಟವರು ತೀರ ಕಡಿಮೆ.

1800ರ ಏಪ್ರಿಲ್ 23ರಂದು ಅವರು ಮದರಾಸಿನಿಂದ ಹೊರಟರು. ಕೋಲಾರದ ಸೀಮೆ ಹಾದು ಬೆಂಗಳೂರು, ಅಲ್ಲಿಂದ ಶ್ರೀರಂಗಪಟ್ಟಣ. ಮತ್ತೆ ಬೆಂಗಳೂರಿಗೆ ಬಂದು ದೊಡ್ಡಬಳ್ಳಾಪುರ, ಮಧುಗಿರಿ, ಶಿರಾ, ತುಮಕೂರು, ಮಾಗಡಿ ಸುತ್ತಿದರು. ಆಮೇಲೆ ದಕ್ಷಿಣಕ್ಕೆ ಇಳಿದು ಕೊಯಮತ್ತೂರು, ಮಲಬಾರ್. ಕರಾವಳಿಯುದ್ದಕ್ಕೂ ಮೇಲೆ ಬಂದು ಮಂಗಳೂರು, ಕುಂದಾಪುರ, ಗೋಕರ್ಣ. ಘಟ್ಟ ಹತ್ತಿ ಸೋಂದಾ, ಬನವಾಸಿ, ನಗರ, ಹರಿಹರ, ಚಿತ್ರದುರ್ಗ. ಮದರಾಸಿಗೆ ಮರಳಿದ್ದು 1801ರ ಜುಲೈಯಲ್ಲಿ. ಭೂಪಟ ತೆಗೆದು ಈ ಊರುಗಳ ಮೇಲೆ ಬೆರಳಿಟ್ಟು ನೋಡಿ. ರೈಲು, ಬಸ್ಸು ಯಾವುದೂ ಇಲ್ಲದ ಕಾಲದಲ್ಲಿ ಹದಿನಾಲ್ಕು ತಿಂಗಳ ಪಯಣ!

ಅವರಿಗೆ ಕನ್ನಡ ಬರುತ್ತಿರಲಿಲ್ಲ. ದುಭಾಷಿಯ ಮೂಲಕ ಕೇಳಬೇಕಿತ್ತು. ಇನ್ನೊಂದು ತೊಂದರೆಯೂ ಇತ್ತು. ಕಂಪನಿಯ ಸಾಹೇಬರು ಬಂದು ನಿನ್ನ ಹೊಲದಲ್ಲಿ ಎಷ್ಟು ಬೆಳೆಯುತ್ತೀಯಪ್ಪ ಎಂದು ಕೇಳಿದರೆ ಯಾವ ರೈತ ತಾನೆ ನಿಜ ಹೇಳಿಯಾನು? ಕಂದಾಯ ಹೆಚ್ಚುತ್ತದೆಂಬ ಭಯ. ಒಬ್ಬೊಬ್ಬರು ಒಂದೊಂದು ಲೆಕ್ಕ ಹೇಳುತ್ತಿದ್ದರು. ಸೇರು, ಕೊಳಗ, ಖಂಡುಗದ ಅಳತೆಯೂ ಊರಿಂದೂರಿಗೆ ಬೇರೆ. ಒಂದು ಖಂಡುಗ ಬೀಜ ಬಿತ್ತುವಷ್ಟು ನೆಲಕ್ಕೇ ಒಂದು ಖಂಡುಗ ಭೂಮಿ ಎನ್ನುತ್ತಿದ್ದ ಕಾಲ ಅದು. ಹಾಗಾಗಿ ಬುಕಾನನ್ ಮಾತನ್ನಷ್ಟೇ ನಂಬದೆ ಹೊಲಗಳನ್ನು ತಾವೇ ಅಳೆಸಿ ನೋಡಿದರು, ಕಾಳನ್ನು ತೂಗಿಸಿ ನೋಡಿದರು. ಒಬ್ಬರು ಹೇಳಿದ್ದನ್ನು ಇನ್ನೊಬ್ಬರ ಬಳಿ ಕೇಳಿ ಹೋಲಿಸಿದರು. ಅನುಮಾನ ಉಳಿದರೆ ಅನುಮಾನವಿದೆ ಎಂದೇ ಬರೆದರು. ನೀವು ಪ್ರಯೋಗದ ಪುಸ್ತಕ ಬರೆಯುವಾಗ ಈ ಕೊನೆಯ ಮಾತನ್ನು ನೆನಪಿಡಿ.

ರಾಗಿ ಹೊಲದ ಅಕ್ಕಡಿ ಸಾಲು

ರಾಗಿಯನ್ನು ಅವರು ಬಹಳ ಗಮನವಿಟ್ಟು ನೋಡಿದರು. ಈ ಸೀಮೆಯ ಜನರ ಊಟವೇ ಅದು ಎಂದು ಅವರಿಗೆ ಬೇಗ ಗೊತ್ತಾಯಿತು. ಎಷ್ಟು ಸಲ ಉಳುತ್ತಾರೆ, ಗೊಬ್ಬರ ಯಾವಾಗ ಹಾಕುತ್ತಾರೆ, ಹಗೇವಿನಲ್ಲಿ ರಾಗಿಯನ್ನು ಹೇಗೆ ವರ್ಷಗಟ್ಟಲೆ ಕೆಡದಂತೆ ಇಡುತ್ತಾರೆ, ಎಲ್ಲವನ್ನೂ ಬರೆದರು. ಹಗೇವು ಎಂದರೆ ನೆಲದಲ್ಲಿ ತೋಡಿದ ಧಾನ್ಯದ ಗುಂಡಿ. ನಿಮ್ಮ ಅಜ್ಜಿಯನ್ನು ಕೇಳಿ, ಕಂಡಿದ್ದರೂ ಕಂಡಿರಬಹುದು.

ರಾಗಿಯ ನಡುನಡುವೆ ಅವರೆ, ತೊಗರಿ, ಹುಚ್ಚೆಳ್ಳಿನ ಸಾಲುಗಳನ್ನು ಹಾಕುವುದನ್ನೂ ಅವರು ದಾಖಲಿಸಿದರು. ಇದೇ ಅಕ್ಕಡಿ ಸಾಲು. ಮಳೆ ಕೈಕೊಟ್ಟರೆ ಒಂದಲ್ಲ ಒಂದು ಬೆಳೆಯಾದರೂ ಕೈಗೆ ಬರುತ್ತದೆ ಎಂಬುದು ರೈತರಿಗೆ ಗೊತ್ತಿತ್ತು. ಇನ್ನೊಂದು ಲಾಭವೂ ಇದೆ. ಅವರೆ, ತೊಗರಿಗಳ ಬೇರಿನ ಗಂಟುಗಳಲ್ಲಿರುವ ಬ್ಯಾಕ್ಟೀರಿಯಾಗಳು ಗಾಳಿಯ ನೈಟ್ರೋಜನ್ನನ್ನು ಗಿಡಕ್ಕೆ ಬೇಕಾದ ರೂಪಕ್ಕೆ ತರುತ್ತವೆ, ನೆಲದ ಸಾರ ಉಳಿಯುತ್ತದೆ. ಆದರೆ ಇದು ಬುಕಾನನ್‌ಗೆ ತಿಳಿದಿರಲಿಲ್ಲ, ತಿಳಿಯಲು ಸಾಧ್ಯವೂ ಇರಲಿಲ್ಲ. ಬೇರುಗಂಟಿನ ಗುಟ್ಟನ್ನು ಜರ್ಮನಿಯಲ್ಲಿ ಹೆಲ್‌ರೀಗೆಲ್ ಎಂಬ ವಿಜ್ಞಾನಿ ಹೊರಗೆಡವಿದ್ದು 1886ರ ಹೊತ್ತಿಗೆ. ನಿಂಬೆರಸದ ಕಥೆ ನೆನಪಾಯಿತೇ?

ಶಿರಾ, ಮಧುಗಿರಿ, ಮಾಗಡಿಯ ಕಡೆ ಅವರು ಕಬ್ಬಿಣ ಕಾಯಿಸುವವರನ್ನು ಕಂಡರು. ಮಳೆಗಾಲದಲ್ಲಿ ಹಳ್ಳಗಳು ಕಪ್ಪು ಮರಳನ್ನು ತೊಳೆದು ತರುತ್ತಿದ್ದವು. ಅದು ಕಬ್ಬಿಣದ ಅದಿರು. (ಮಳೆ ನಿಂತ ಮೇಲೆ ಮಣ್ಣುರಸ್ತೆಯ ಬದಿಯ ಮರಳಿನಲ್ಲಿ ಅಯಸ್ಕಾಂತ ಆಡಿಸಿ ನೋಡಿ, ಕಪ್ಪು ಪುಡಿ ಅಂಟಿಕೊಳ್ಳುತ್ತದೆ.) ಮಣ್ಣಿನ ಕುಲುಮೆಯಲ್ಲಿ ಇದ್ದಿಲಿನ ಜೊತೆ ಈ ಮರಳನ್ನು ಸುರಿದು, ಎಮ್ಮೆ ಚರ್ಮದ ತಿದಿಯೊತ್ತಿ ಕಬ್ಬಿಣ ತೆಗೆಯುತ್ತಿದ್ದರು. ಉಕ್ಕು ಮಾಡುವ ರೀತಿ ಇನ್ನೂ ಸೊಗಸು. ಕಬ್ಬಿಣದ ತುಂಡಿನ ಜೊತೆಗೆ ತಂಗಡಿ ಗಿಡದ ಒಂದಿಷ್ಟು ಕಡ್ಡಿ ಮತ್ತು ಹಸಿ ಎಲೆಗಳನ್ನು ಮಣ್ಣಿನ ಮೂಸೆಯೊಳಗಿಟ್ಟು, ಬಾಯಿ ಮುಚ್ಚಿ, ಗಂಟೆಗಟ್ಟಲೆ ಕಾಯಿಸುತ್ತಿದ್ದರು. ಕಡ್ಡಿ ಮತ್ತು ಎಲೆ ಏಕೆ? ಅವು ಒಳಗೇ ಸುಟ್ಟು ಇಂಗಾಲವಾಗುತ್ತವೆ. ಕಬ್ಬಿಣದಲ್ಲಿ ಹದವಾಗಿ ಇಂಗಾಲ ಬೆರೆತರೆ ಉಕ್ಕು. ಹೆಚ್ಚಾದರೆ ಪೆಡಸಾಗಿ ಒಡೆಯುತ್ತದೆ, ಕಡಿಮೆಯಾದರೆ ಮೆದುವಾಗಿ ಬಗ್ಗುತ್ತದೆ. ಆ ಹದ ನಮ್ಮ ಕಮ್ಮಾರರ ಕೈಯಲ್ಲಿತ್ತು. ಚನ್ನಪಟ್ಟಣದಲ್ಲಿ ಸಂಗೀತ ವಾದ್ಯಗಳಿಗೆ ಬೇಕಾದ ಉಕ್ಕಿನ ತಂತಿಯನ್ನು ಎಳೆಯುತ್ತಿದ್ದರು, ಅದು ದೂರದೂರದ ಊರುಗಳಿಗೆ ಹೋಗುತ್ತಿತ್ತು. ಇಂದು ಚನ್ನಪಟ್ಟಣ ಎಂದರೆ ನಮಗೆ ಬೊಂಬೆಗಳಷ್ಟೇ ನೆನಪಾಗುತ್ತವೆ.

ಇಟ್ಟಿಗೆಯಂಥ ಕಲ್ಲು

ಮಲಬಾರಿನ ಅಂಗಾಡಿಪುರಂ ಎಂಬ ಊರಿನಲ್ಲಿ (ಈಗ ಕೇರಳದ ಮಲಪ್ಪುರಂ ಜಿಲ್ಲೆಯಲ್ಲಿದೆ) ಬುಕಾನನ್ ಒಂದು ವಿಚಿತ್ರ ಕಲ್ಲನ್ನು ಕಂಡರು. ಕೆಂಪು, ಹಳದಿ ಬಣ್ಣ. ಮೈಯೆಲ್ಲ ತೂತು. ನೆಲದೊಳಗೆ ಇರುವಾಗ ಎಷ್ಟು ಮೆತ್ತಗಿರುತ್ತದೆಂದರೆ ಕಬ್ಬಿಣದ ಹತ್ಯಾರಿನಿಂದ ಸಲೀಸಾಗಿ ಕತ್ತರಿಸಬಹುದು. ಚೌಕವಾಗಿ ಕತ್ತರಿಸಿ ಹೊರಗಿಟ್ಟರೆ ಗಾಳಿಗೆ ಗಟ್ಟಿಯಾಗುತ್ತದೆ. ಮಳೆ, ಬಿಸಿಲಿಗೆ ಜಗ್ಗುವುದಿಲ್ಲ. ಕರಾವಳಿಯ ಮಕ್ಕಳಿಗೆ ಇದನ್ನು ಪರಿಚಯಿಸುವ ಅಗತ್ಯವೇ ಇಲ್ಲ. ಅವರ ಮನೆ, ಶಾಲೆ, ಬಾವಿಕಟ್ಟೆಯ ಮುರಕಲ್ಲು ಇದೇ. ಕಾಸರಗೋಡಿನ ಬೇಕಲ ಕೋಟೆಯನ್ನೂ ಈ ಕಲ್ಲಿನಿಂದಲೇ ಕಟ್ಟಿದ್ದಾರೆ.

ಯುರೋಪಿನ ಪುಸ್ತಕಗಳಲ್ಲಿ ಈ ಕಲ್ಲಿಗೆ ಹೆಸರಿರಲಿಲ್ಲ. ಸ್ಥಳೀಯರು ಏನೆನ್ನುತ್ತಾರೆ ಎಂದು ಬುಕಾನನ್ ವಿಚಾರಿಸಿದರು. ಅಲ್ಲಿನ ಮಾತಿನಲ್ಲಿ ಅದು ಇಟ್ಟಿಗೆ ಕಲ್ಲು. ನಮಗೂ ಅರ್ಥವಾಗುವ ಹೆಸರೇ. ಲ್ಯಾಟಿನ್ ಭಾಷೆಯಲ್ಲಿ ಇಟ್ಟಿಗೆಗೆ ಲೇಟರ್ ಎನ್ನುತ್ತಾರೆ. ಹಾಗಾಗಿ ಅವರು ಈ ಕಲ್ಲಿಗೆ ಲ್ಯಾಟರೈಟ್ ಎಂದು ಹೆಸರಿಟ್ಟರು. 1807ರಲ್ಲಿ ಲಂಡನ್ನಿನಲ್ಲಿ ಅಚ್ಚಾದ ಅವರ ಮೂರು ಸಂಪುಟಗಳ ಪ್ರವಾಸ ಗ್ರಂಥದಲ್ಲಿ ಈ ಹೆಸರು ಮೊದಲ ಬಾರಿಗೆ ಬಂತು. ಇಂದು ಆಫ್ರಿಕಾ, ಆಸ್ಟ್ರೇಲಿಯಾ, ಬ್ರೆಜಿಲ್ ಎಲ್ಲಿ ಸಿಕ್ಕಿದರೂ ಅದು ಲ್ಯಾಟರೈಟ್. ಈ ಕಲ್ಲು ಹೇಗಾಗುತ್ತದೆ? ಬಿಸಿಲು ಮಳೆ ಎರಡೂ ಜೋರಾಗಿರುವ ಕಡೆ ಬಂಡೆ ಶಿಥಿಲವಾಗುತ್ತಾ ಹೋಗುತ್ತದೆ. ನೀರಿನಲ್ಲಿ ಕರಗುವ ಅಂಶಗಳು ಕೊಚ್ಚಿಹೋಗುತ್ತವೆ, ಕಬ್ಬಿಣ ಮತ್ತು ಅಲ್ಯೂಮಿನಿಯಂನ ಆಕ್ಸೈಡುಗಳು ಉಳಿಯುತ್ತವೆ. ಆ ಕೆಂಪು ಬಣ್ಣ ಕಬ್ಬಿಣದ ತುಕ್ಕಿನದೇ. 1979ರಲ್ಲಿ ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣ ಸಂಸ್ಥೆ ಅಂಗಾಡಿಪುರಂನಲ್ಲಿ ಇದರ ನೆನಪಿಗೆ ಒಂದು ಸ್ಮಾರಕವನ್ನು ನಿಲ್ಲಿಸಿತು.

ಗಂಗೆಯ ಮೀನುಗಳು

ಮೈಸೂರಿನ ಪ್ರವಾಸ ಮುಗಿದ ಮೇಲೆ 1802ರಲ್ಲಿ ನೇಪಾಳಕ್ಕೆ ಹೋದರು. ಹಿಂದಿರುಗಿದ ಮೇಲೆ ಕಲ್ಕತ್ತೆಯ ಬಳಿಯ ಬ್ಯಾರಕ್‌ಪುರದಲ್ಲಿ ಪ್ರಾಣಿ ಪಕ್ಷಿಗಳನ್ನು ತರಿಸಿ, ಸಾಕಿ, ಚಿತ್ರ ಬರೆಸುವ ಒಂದು ಕೇಂದ್ರವನ್ನು ನೋಡಿಕೊಂಡರು. 1807ರಿಂದ 1814ರವರೆಗೆ ಬಂಗಾಳ, ಬಿಹಾರದ ಜಿಲ್ಲೆಗಳನ್ನು ಒಂದೊಂದಾಗಿ ಸಮೀಕ್ಷೆ ಮಾಡಿದರು. ಹಗಲು ಊರೂರು ಸುತ್ತಿ ಜನ, ಬೆಳೆ, ಕಸುಬುಗಳ ಲೆಕ್ಕ ಬರೆಯುವುದು ಸರ್ಕಾರಿ ಕೆಲಸ. ಅದರ ನಡುವೆಯೇ ನದಿಯ ದಡದಲ್ಲಿ ಬೆಸ್ತರ ಬಲೆಗೆ ಏನು ಬಿತ್ತೆಂದು ನೋಡುವುದು ಅವರ ಇಷ್ಟದ ಕೆಲಸ.

ಆ ಮೀನುಗಳ ಬಗ್ಗೆ 1822ರಲ್ಲಿ ಅವರು 39 ಚಿತ್ರಪಟಗಳಿರುವ ಒಂದು ಪುಸ್ತಕ ಪ್ರಕಟಿಸಿದರು. ಅದುವರೆಗೆ ವಿಜ್ಞಾನಕ್ಕೆ ಗೊತ್ತಿಲ್ಲದಿದ್ದ ನೂರಕ್ಕೂ ಹೆಚ್ಚು ಮೀನುಗಳು ಅದರಲ್ಲಿದ್ದವು. ಹೆಸರಿಡುವಾಗ ಎಷ್ಟೋ ಕಡೆ ಅವರು ಅಲ್ಲಿನ ಜನರ ಮಾತನ್ನೇ ಎತ್ತಿಕೊಂಡರು. ರೋಹು ಮೀನಿನ ಶಾಸ್ತ್ರೀಯ ಹೆಸರಿನಲ್ಲಿ ರೋಹಿತ ಇದೆ, ಮೃಗಾಲ್ ಮೀನಿನದರಲ್ಲಿ ಮೃಗಾಲ ಇದೆ, ಕಾಟ್ಲಾ ಎಲ್ಲೆಡೆ ಕಾಟ್ಲಾನೇ. ಪಲಾವ್ ಎಲೆಯದೂ ಹಾಗೆಯೇ. ಅದರ ಹೆಸರು ಸಿನ್ನಮೋಮಮ್ ತಮಾಲ. ತಮಾಲಪತ್ರ ಎಂಬುದು ನಮ್ಮ ದೇಶದ ಹಳೆಯ ಮಾತು.

ಅದೇ ಪುಸ್ತಕದಲ್ಲಿ ಒಂದು ಪುಟ್ಟ ಮೀನೂ ಇತ್ತು. ನಿಮ್ಮ ಕಿರುಬೆರಳಿನಷ್ಟು ಉದ್ದ, ಮೈಮೇಲೆ ನೀಲಿ ಪಟ್ಟೆ. ತಿನ್ನಲು ಯಾರಿಗೂ ಬೇಡ. ಕೋಸಿ ನದಿಯಲ್ಲಿ ಸಿಕ್ಕಿದ್ದ ಅದಕ್ಕೆ ಬುಕಾನನ್ ರೆರಿಯೊ ಎಂದು ಹೆಸರಿಟ್ಟರು. ಈಗ ಅದರ ಪೂರ್ಣ ಹೆಸರು ಡಾನಿಯೊ ರೆರಿಯೊ. ಎಲ್ಲರೂ ಕರೆಯುವುದು ಜೀಬ್ರಾ ಮೀನು ಎಂದು. ಸುಮಾರು 150 ವರ್ಷ ಅದನ್ನು ಅಕ್ವೇರಿಯಂನವರು ಬಿಟ್ಟರೆ ಹೆಚ್ಚಿನವರು ಕೇಳಲಿಲ್ಲ. ಆಮೇಲೆ ಅದರ ದೆಸೆ ತಿರುಗಿತು. ಅದರ ಭ್ರೂಣ ಗಾಜಿನಂತೆ ಪಾರದರ್ಶಕ. ಒಂದೇ ದಿನದಲ್ಲಿ ಹೃದಯ ಬಡಿಯಲು ಶುರುವಾಗುತ್ತದೆ, ಸೂಕ್ಷ್ಮದರ್ಶಕದಲ್ಲಿ ಅದನ್ನು ಹೊರಗಿನಿಂದಲೇ ನೋಡಬಹುದು. 2013ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ ಮನುಷ್ಯರ ಜೀನುಗಳಲ್ಲಿ ಸುಮಾರು ಶೇಕಡ 70ಕ್ಕೆ ಈ ಮೀನಿನಲ್ಲಿ ಸಾಟಿಯಾದ ಜೀನುಗಳಿವೆ. ಹೃದಯ, ಮೆದುಳು, ಕಣ್ಣಿನ ಕಾಯಿಲೆಗಳನ್ನು ತಿಳಿಯಲು ಪ್ರಪಂಚದಾದ್ಯಂತ ಪ್ರಯೋಗಾಲಯಗಳಲ್ಲಿ ಇದನ್ನು ಸಾಕುತ್ತಾರೆ. ನಮ್ಮ ಬೆಂಗಳೂರಿನ ರಾಷ್ಟ್ರೀಯ ಜೈವಿಕ ವಿಜ್ಞಾನಗಳ ಕೇಂದ್ರದಲ್ಲೂ ಇದೆ.

ಕಿತ್ತುಕೊಂಡ ಚಿತ್ರಗಳು

1814ರಲ್ಲಿ ಬುಕಾನನ್ ಕಲ್ಕತ್ತೆಯ ಸಸ್ಯೋದ್ಯಾನದ ಮೇಲ್ವಿಚಾರಕರಾದರು. ಬಹುಕಾಲದಿಂದ ಅವರು ಬಯಸಿದ್ದ ಹುದ್ದೆ ಅದು. ಆದರೆ ಅಷ್ಟರಲ್ಲಿ ಆರೋಗ್ಯ ಕೆಟ್ಟಿತ್ತು. ಮರುವರ್ಷವೇ ಊರಿಗೆ ಹೊರಡಲು ಸಿದ್ಧರಾದರು. ಗಿಡ, ಮೀನು, ಹಕ್ಕಿ, ಪ್ರಾಣಿಗಳ ಚಿತ್ರಗಳನ್ನು ಕಟ್ಟಿ ಜೊತೆಗೆ ಇಟ್ಟುಕೊಂಡಿದ್ದರು. ಅವನ್ನು ಲಂಡನ್ನಿನಲ್ಲಿ ಕಂಪನಿಗೇ ಒಪ್ಪಿಸಬೇಕೆಂಬುದು ಅವರ ಇಚ್ಛೆ. ಆಗ ಗವರ್ನರ್ ಜನರಲ್ ಆಗಿದ್ದ ಲಾರ್ಡ್ ಮೊಯ್ರಾ ಒಪ್ಪಲಿಲ್ಲ. ಸರ್ಕಾರದ ಸಂಬಳದಲ್ಲಿ ಮಾಡಿಸಿದ ಚಿತ್ರಗಳು ಸರ್ಕಾರದ ಸ್ವತ್ತು, ಕಲ್ಕತ್ತೆಯಲ್ಲೇ ಇರಬೇಕು ಎಂದು ತಡೆದುಬಿಟ್ಟರು. ಇಪ್ಪತ್ತು ವರ್ಷದ ದುಡಿಮೆ ದಡದಲ್ಲೇ ಉಳಿಯಿತು, ಬುಕಾನನ್ ನೊಂದುಕೊಂಡೇ ಹಡಗು ಹತ್ತಿದರು.

ಇಲ್ಲಿ ನನಗೆ ಇನ್ನೊಬ್ಬರ ನೆನಪೂ ಬರುತ್ತದೆ. ಆ ಪ್ರಾಣಿಗಳ ಚಿತ್ರಗಳಲ್ಲಿ ಅನೇಕವನ್ನು ಬರೆದವರು ಹಲುದಾರ್ ಎಂಬ ಬಂಗಾಳಿ ಕಲಾವಿದರು. ಕೂದಲು ಕೂದಲನ್ನೂ ಬಿಡಿಸಿ ತೋರಿಸುವ ಕುಂಚ ಅವರದು. ಬುಕಾನನ್‌ಗೆ ಚಿತ್ರ ಕೈತಪ್ಪಿದ ನೋವಾದರೂ ಇತಿಹಾಸದಲ್ಲಿ ದಾಖಲಾಯಿತು. ಹಲುದಾರ್ ಬಗ್ಗೆ, ಅಳತೆಯ ಹಗ್ಗ ಹಿಡಿದವರ ಬಗ್ಗೆ, ಮಾತು ತಿಳಿಸಿಕೊಟ್ಟ ದುಭಾಷಿಗಳ ಬಗ್ಗೆ ನಮಗೆ ಉಳಿದಿರುವುದು ಬಹಳ ಕಡಿಮೆ.

ಸ್ಕಾಟ್ಲೆಂಡಿಗೆ ಮರಳಿದ ಮೇಲೆ ಅವರಿಗೆ ತಾಯಿಯ ಕಡೆಯ ಆಸ್ತಿ ಬಂತು. ಅದರೊಂದಿಗೆ ಹ್ಯಾಮಿಲ್ಟನ್ ಎಂಬ ಮನೆತನದ ಹೆಸರನ್ನೂ ಸೇರಿಸಿಕೊಂಡರು. ಗಿಡಗಳ ಪುಸ್ತಕದಲ್ಲಿ ಅವರು ಬುಕಾನನ್-ಹ್ಯಾಮಿಲ್ಟನ್, ಮೀನಿನ ಪುಸ್ತಕದಲ್ಲಿ ಬರೀ ಹ್ಯಾಮಿಲ್ಟನ್ ಆಗಿರುವುದು ಈ ಕಾರಣಕ್ಕೆ. ಸಿಹಿತಿಂಡಿಯ ಮೇಲೆ ಉದುರಿಸುವ ಚಾರೋಲಿ ಬೀಜದ ಮರವಿದೆಯಲ್ಲ, ಅದರ ಕುಲಕ್ಕೆ ಬುಕಾನನಿಯ ಎಂಬ ಹೆಸರು ಬಂದದ್ದೂ ಅವರಿಂದಲೇ.

ಹಳ್ಳಿಯಲ್ಲಿ ಕೂತು ಅವರು ಬರೆಯುತ್ತಲೇ ಇದ್ದರು. ನೇಪಾಳದ ಪುಸ್ತಕ 1819ರಲ್ಲಿ ಬಂತು, ಮೀನಿನದು 1822ರಲ್ಲಿ. 1829ರ ಜೂನ್ 15ರಂದು ತೀರಿಕೊಂಡರು. ಏಳು ವರ್ಷ ಊರೂರು ಅಲೆದು ಬರೆದ ಬಂಗಾಳ, ಬಿಹಾರದ ಸಮೀಕ್ಷೆ ಮಾತ್ರ ಅವರ ಕಣ್ಣೆದುರು ಅಚ್ಚಾಗಲಿಲ್ಲ. 1838ರಲ್ಲಿ ಮಾಂಟ್ಗೊಮರಿ ಮಾರ್ಟಿನ್ ಎಂಬುವರು ಅದನ್ನು ಕತ್ತರಿಸಿ ಮೂರು ಸಂಪುಟ ಮಾಡಿ ಪ್ರಕಟಿಸಿದಾಗ ಮುಖಪುಟದಲ್ಲಿ ಬುಕಾನನ್ ಹೆಸರೇ ಇರಲಿಲ್ಲ. ಅವರ ಬಿಹಾರದ ದಿನಚರಿಗಳು ಅವರದೇ ಹೆಸರಿನಲ್ಲಿ ಪಾಟ್ನಾದಲ್ಲಿ ಅಚ್ಚಾಗತೊಡಗಿದ್ದು 20ನೇ ಶತಮಾನದಲ್ಲಿ.